ಉಸಿರುಹಾಸನ್ನು ರಕ್ತದಲ್ಲಿ ಅದ್ದಿದವಳಿಗೆ

ಅನುರಾಧಾ,

ನನ್ನ ಅಕ್ಷರ ಕೆಟ್ಟದ್ದು. ಒತ್ತು ಬಂದಲ್ಲೆಲ್ಲ ಕೈ ತಡವರಿಸುತ್ತದೆ. ತಪ್ಪಿದ್ದರೆ ಹೊಟ್ಟೆಗೆ ಹಾಕಿಕೋ. ಐದನೇ ಇಯತ್ತೆ ಮುಗಿಸಿ ಕುರಿಗಳ ಹಿಂದೆ ಬಂದವಳು ನಾನು, ನಿನಗೆ ಗೊತ್ತು. ಎದುರು ನಿಂತು ಮಾತಾಡಲು ನನಗೆ ಬರುವುದಿಲ್ಲ, ಅದೂ ನಿನಗೆ ಗೊತ್ತು. ಅದರಿಂದ ನಿನಗೆ ಅನುಕೂಲವೇ ಆಯಿತು.

ನಿನ್ನ ಪುಸ್ತಕ ಓದಿ ಮುಗಿಸಲು ಹನ್ನೊಂದು ದಿನ ಬೇಕಾಯಿತು. ಬೆರಳಿಟ್ಟು ಓದುವವಳಿಗೆ ಒಂದು ಸೌಕರ್ಯವಿದೆ, ಯಾವ ಮಾತೂ ತಪ್ಪಿಸಿಕೊಂಡು ಹೋಗುವುದಿಲ್ಲ. ಒಂದೊಂದು ಸಾಲಿನ ಕೆಳಗೂ ನನ್ನ ದನಿಯೇ ಕೇಳುತ್ತಿತ್ತು.

ಮೂರು ವರ್ಷದ ಹಿಂದೆ ಅರಭಾವಿ ಹತ್ತಿರದ ನಿಮ್ಮ ಹೊಲದಲ್ಲಿ ಮೊದಲ ಸಲ ನಮ್ಮ ಹಿಂಡು ತರುಬಿದೆವು. ವಾರದ ಮಟ್ಟಿಗೆ ಕುರಿ ಅಲ್ಲೇ ಬಲೆಯೊಳಗೆ ಮಲಗಿ ಎದ್ದರೆ ಹೊಲಕ್ಕೆ ಬೇರೆ ಗೊಬ್ಬರ ಬೇಡ ಎಂದು ನಿಮ್ಮಪ್ಪ ಪರಪ್ಪ ಸಾವಕಾರರು ಕರೆಸಿದ್ದರು. ನೀನು ಗೋಕಾಕದಿಂದ ಸ್ಕೂಟಿಯ ಮೇಲೆ ನಮಗೆ ರೊಟ್ಟಿ ಬುತ್ತಿ ತಂದೆ. ಬದುವಿನ ಮೇಲೆ ಕುಳಿತು, "ದಿನಾ ಕುರಿ ಕಾಯ್ಕೋತ ಏನ್ ವಿಚಾರ ಮಾಡ್ತೀ ಉದ್ದವ್ವಾ?" ಎಂದು ಕೇಳಿದೆ. ಹುಟ್ಟಿದಾಗಿನಿಂದ ನನ್ನನ್ನು ಯಾರೂ ಹಾಗೆ ಕೇಳಿರಲಿಲ್ಲ. ಮುದಲಗಿ ಕಡೆಯ ನಮ್ಮ ಮಂದಿ ಕೇಳುವುದು ಒಂದೇ, ಕುರಿ ಎಷ್ಟು ಈದವು ಅಂತ.

ನಾನು ಹೊರಳುನಾಡಿನ ಕತೆ ಹೇಳಿದೆ. ಅಲ್ಲಿ ಗುಡ್ಡಗಳೂ ಹಿಂಡಿನ ಹಾಗೆ ಹುಲ್ಲು ಹುಡುಕಿಕೊಂಡು ಊರೂರು ತಿರುಗುತ್ತವೆ. ಅಲ್ಲಿಯವರು ಬರೆಯುವುದು ಕಾಗದದ ಮೇಲಲ್ಲ, ಉಸಿರುಹಾಸಿನ ಮೇಲೆ. ಒಂದೇ ಕುರಿಯ ಉಣ್ಣೆಯಿಂದ ನೇಯ್ದು, ಹುಣಸೆಬೀಜದ ಗಂಜಿ ಸವರಿ ಒಣಗಿಸಿದ ಹಾಳೆ ಅದು. ಆ ಕುರಿ ಬದುಕಿರುವವರೆಗೆ ಅಕ್ಷರ ಇರುತ್ತದೆ. ಕುರಿ ಸತ್ತರೆ ಹಾಳೆ ಬರಿದು. ಹಾಗಾಗಿ ಆ ನಾಡಿನಲ್ಲಿ ಮಾತು ಕೊಟ್ಟವರು ಕುರಿಯನ್ನೂ ಕಾಯಬೇಕು. ಹುಲ್ಲು ಎಲ್ಲರದು ಎಂದು ಬರೆದುಕೊಟ್ಟ ಅರಸ ಮುಂದೆ ಮನಸ್ಸು ತಿರುಗಿ, ಆ ಹಾಳೆಯ ಮುದಿಕುರಿಯನ್ನು ಕೊಲ್ಲಲು ಆಳು ಕಳಿಸುತ್ತಾನೆ. ಒಬ್ಬ ಹುಡುಗಿ ಅದನ್ನು ಹೆಗಲ ಮೇಲೆ ಹೊತ್ತು ನಡೆಯುತ್ತಾಳೆ. ಮೂರು ವರ್ಷ ಹಿಂಡು ಬಂದಾಗಲೆಲ್ಲ ಅವಳನ್ನು ಅಷ್ಟಷ್ಟೇ ನಡೆಸಿದೆ. ನೀನು ಫೋನು ನನ್ನ ಮುಂದಿಟ್ಟು, "ಹೇಳು, ನನಗ ಮರವು ಬಾಳ" ಎನ್ನುತ್ತಿದ್ದೆ. ಗೆಳತಿಗೆ ಅಷ್ಟು ಇಷ್ಟವಾಯಿತಲ್ಲ ಎಂದು ನಾನು ಹಿಗ್ಗುತ್ತಿದ್ದೆ.

ಹೊರಳುನಾಡಿನ ಕತೆಯ ಪುಸ್ತಕದ ಮೇಲೆ ನಿನ್ನ ಹೆಸರು ನೋಡಿದ ದಿನ ನಮ್ಮ ಖಂಡೆಪ್ಪ ಮಾವನನ್ನು ಕರೆದುಕೊಂಡು ಗೋಕಾಕದ ನಿಮ್ಮ ಮನೆಗೆ ಬಂದೆ. ಕಟ್ಟೆಯ ಮೇಲೆ ಚಹಾ ಕೊಟ್ಟಿರಿ. ನನ್ನ ಬಾಯಿಂದ ಹೊರಟದ್ದು ಒಂದೇ ಮಾತು, "ಆ ಕತಿ ನಂದಲ್ಲೇನ?" ನೀನು ಕಪ್ಪಿನೊಳಗೆ ನೋಡುತ್ತ, "ನೀ ಹೇಳ್ದಿ ಖರೆ, ಬರದಾಕಿ ನಾ ಅಲ್ಲೇನ?" ಎಂದೆ. ನಿಮ್ಮಪ್ಪ ನಕ್ಕರು. "ಏನವಾ, ಹಿಂಡು ನಿಮ್ದ ಇದ್ರೂ ನಮ್ಮ ಹೊಲದಾಗ ಬಿದ್ದ ಹಿಕ್ಕಿ ನಮ್ದ. ಆಮ್ಯಾಗ ಬಳಕೊಂಡು ಹೋಗ್ತೀರೇನ? ಕತಿನೂ ಹಂಗ ತಿಳಕೋ."

ಮಾವ ನಕ್ಕ. "ಅದೂ ಖರೆ ಬಿಡ್ರಿ ಸಾವಕಾರ್ರ," ಎಂದ. ನೀನೂ ನಕ್ಕೆ. ಎಲ್ಲರೂ ನಗುವಾಗ ಸುಮ್ಮನಿರಲು ನಾಚಿಕೆಯಾಗಿ ನಾನೂ ನಕ್ಕೆ, ಅನುರಾಧಾ. ನಿಮ್ಮ ಮೂವರ ನಗು ಮರೆತೇನು, ನನ್ನದನ್ನು ಮರೆಯಲು ಆಗುತ್ತಿಲ್ಲ.

ಹೆಸರು ಹೋದರೆ ಹೋಗಲಿ ಎಂದುಕೊಂಡಿದ್ದೆ. ಆದರೆ ಕೊನೆಯ ಪುಟದಲ್ಲಿ ನೀನು ಆ ಹುಡುಗಿಯ ಕೈಗೆ ಕೊಡಲಿ ಕೊಟ್ಟೆ. ಅವಳು ಕುರಿಯ ಕುತ್ತಿಗೆ ಕಡಿದು, ಉಸಿರುಹಾಸನ್ನು ಅದರ ರಕ್ತದಲ್ಲಿ ಅದ್ದಿ, ಅಕ್ಷರ ಎಂದೆಂದಿಗೂ ಅಳಿಯದಂತೆ ಮಾಡುತ್ತಾಳೆ. ಓದಿದವರೆಲ್ಲ ಅತ್ತರಂತೆ. ಮೂರು ವರ್ಷ ನಾನು ಹೇಳಿದ್ದರಲ್ಲಿ ನಿನಗೆ ಕೇಳಿಸದೆ ಹೋದದ್ದು ಅದೊಂದೇ, ಆ ಕುರಿ ಬದುಕಬೇಕು ಎಂಬುದು. ಕೊಂದು ಉಳಿಸಿಕೊಳ್ಳುವ ಮಾತನ್ನು ಅರಸ ಕೂಡ ಆಡಿರಲಿಲ್ಲ.

ಮೊನ್ನೆ ನಿನ್ನ ದನಿ ಫೋನಿಗೆ ಬಂತು. "ಎರಡನೇ ಭಾಗ ಕೇಳಾಕತ್ತಾರ ಉದ್ದವ್ವಾ. ಈ ವಾರ ಹಿಂಡು ನಮ್ಮ ಹೊಲಕ್ಕ ಬರ್ತೈತಲ್ಲ, ಉಳಿದದ್ದು ಹೇಳಿಬಿಡು. ನಿನ್ನ ಹೆಸರು ಧನ್ಯವಾದದಾಗ ಹಾಕ್ತೇನಿ." ನಾನು ಅದನ್ನು ನಾಲ್ಕು ಸಲ ಹಾಕಿ ಕೇಳಿದೆ. ಕುರಿ ಕೊಂದ ಮೇಲೆ ಕತೆ ಎಲ್ಲಿಗೆ ಹೋಗಬೇಕು ಎಂದು ನಿನಗೆ ತಿಳಿಯುತ್ತಿಲ್ಲ, ಅಷ್ಟೇ. ನನ್ನ ಕತೆಯಲ್ಲಿ ಅದು ಇನ್ನೂ ಸತ್ತಿಲ್ಲ. ಎಲ್ಲಿ ಮೇಯುತ್ತಿದೆ ಎಂದು ನಿನಗೆ ಹೇಳುವುದಿಲ್ಲ. ತಪ್ಪೋ ಒಪ್ಪೋ, ನಾನೇ ಬರೆಯುತ್ತೇನೆ.

ಇವತ್ತು ಮುಂಜಾನೆ ಹುಕ್ಕೇರಿ ದಾಟಿದ ಮೇಲೆ ದಾರಿ ಎರಡಾಗುವಲ್ಲಿ ಮಾವ ಅರಭಾವಿ ಕಡೆ ಕೈ ತೋರಿಸಿದ. ನಾನು ಮುಂದೆ ಓಡಿ ಟಗರಿನ ಕೋಡು ಹಿಡಿದು ಹಿಡಕಲ್ ಕಡೆ ತಿರುಗಿಸಿದೆ. ಹಿಂಡೆಲ್ಲ ಅದರ ಹಿಂದೆ ತಿರುಗಿತು. "ಸಾವಕಾರಗ ಏನ್ ಹೇಳ್ಲೆವಾ ನಾ?" ಎಂದು ಮಾವ ಹಿಂದಿನಿಂದ ಕೂಗುತ್ತಲೇ ಇದ್ದ.

ನಿಮ್ಮ ಹೊಲಕ್ಕೆ ಮಳೆ ಚೆನ್ನಾಗಿ ಆಗಲಿ. ಗೊಬ್ಬರ ಮಾತ್ರ ನೀವೇ ನೋಡಿಕೊಳ್ಳಿ.

ಇಂತಿ,
ಹೊರಳುನಾಡಿನ ಉದ್ದವ್ವ