ಸಿದ್ದ ಆಡಿದ ಆಟ, ಉದಯನ ಸರ್ಟಿಫಿಕೇಟು

ಮಾನ್ಯ ಕ್ರೀಡಾಧಿಕಾರಿಗಳೇ,

ಕಳೆದ ಆಗಸ್ಟಿನಲ್ಲಿ ಬಾಳೆಲೆ ಊರಿನ ವೇದಿಕೆಯ ಮೇಲೆ ತಾವು ಮೂರು ಮಾತು ಕೊಟ್ಟಿರಿ. ವಸತಿ ಕ್ರೀಡಾಶಾಲೆಯ ಹುಡುಗಿಯರಿಗೆ ಸಿದ್ದನೇ ಫುಟ್‌ಬಾಲ್ ಕೋಚ್ ಎಂದಿರಿ. ಅವನ ಹಳೆಯ ಆಟಕ್ಕೆ ಜೊತೆ ಆಡಿದವರ ಹೇಳಿಕೆ ಸಾಕು ಎಂದಿರಿ. ಕಾಗದ ಆಮೇಲೆ, ಮೊದಲು ಮೈದಾನದಲ್ಲಿ ಪರೀಕ್ಷೆ ಎಂದಿರಿ. ಮೈದಾನದಲ್ಲಿ ಪರೀಕ್ಷೆ ನಡೆಯಲಿಲ್ಲ. ಜೊತೆಗಾರರ ಹೇಳಿಕೆಯನ್ನು ಯಾರೂ ಕೇಳಲಿಲ್ಲ. ಕೆಲಸ ಉದಯ ಎಂಬವರ ಪಾಲಾಯಿತು. ಸಿದ್ದನಿಗೆ ಸಿಕ್ಕಿದ್ದು ಒಂದು ಸಾಲಿನ ಹಿಂಬರಹ: ‘ಸದರಿ ಹೆಸರಿನ ಆಟಗಾರ ಜಿಲ್ಲಾ ತಂಡದಲ್ಲಿ ಆಡಿದ ಬಗ್ಗೆ ದಾಖಲೆ ಲಭ್ಯವಿರುವುದಿಲ್ಲ.’

ದಾಖಲೆ ಇಲ್ಲವೆಂಬುದು ನಿಜ. ಯಾಕಿಲ್ಲ ಎಂಬುದು ತಮಗೂ ಗೊತ್ತು, ನನಗೂ ಗೊತ್ತು. ಊರಿಗೆ ಗೊತ್ತಿಲ್ಲ. ಅದಕ್ಕೇ ಈ ಪತ್ರವನ್ನು ಅಂಚೆಗೆ ಹಾಕದೆ ಪತ್ರಿಕೆಗೆ ಕೊಟ್ಟಿದ್ದೇನೆ.

ಇಸವಿ ೧೯೯೮. ಸಾಕ್ಷರತಾ ಆಂದೋಲನದ ಕಾರ್ಯಕರ್ತೆಯಾಗಿ ನಾನು ಕಾಫಿ ಎಸ್ಟೇಟಿನ ಕೂಲಿಯವರ ಲೈನ್ ಮನೆಗಳಲ್ಲಿ ಅಕ್ಷರ ಕಲಿಸುತ್ತಿದ್ದೆ. ಸಿದ್ದ ಅಲ್ಲಿನ ಯರವ ಬುಡಕಟ್ಟಿನ ಹುಡುಗ. ಅವನ ಕಾಲಿನಿಂದ ಚೆಂಡು ಕಸಿಯುವವರು ಸುತ್ತಲಿನ ತೋಟಗಳಲ್ಲೇ ಇರಲಿಲ್ಲ. ಜಿಲ್ಲೆಯ ಕಿರಿಯರ ತಂಡಕ್ಕೆ ಆಯ್ಕೆಯಾದಾಗ ವಯಸ್ಸಿನ ಪುರಾವೆ ಕೇಳಿದರು. ಶಾಲೆಯ ಮೆಟ್ಟಿಲು ಹತ್ತದವನ ಬಳಿ ಏನಿರುತ್ತದೆ? ತೋಟದ ಲೆಕ್ಕ ಬರೆಯುವ ರೈಟರ ಮಗ ಉದಯನದೂ ಅದೇ ವಯಸ್ಸು, ಅವನ ಹತ್ತಿರ ಎಸ್ಸೆಸ್ಸೆಲ್ಸಿ ಅಂಕಪಟ್ಟಿ ಇತ್ತು. ಅರ್ಜಿಯಲ್ಲಿ ‘ಉದಯ’ ಎಂದು ಬರೆದು, ಸಿದ್ದನ ಫೋಟೋ ಅಂಟಿಸಿದೆವು. ಬರೆದ ಕೈ ನನ್ನದು. ಬರೆಸಿದ ಬಾಯಿ ತಮ್ಮದು. ಆಗ ತಂಡದ ಮ್ಯಾನೇಜರ್ ತಾವೇ ಅಲ್ಲವೇ?

“ಹೆಸರು ಕಾಗದಕ್ಕೆ ಮಾತ್ರ ಟೀಚರೇ. ಮೊದಲು ಗೆದ್ದು ಬರಲಿ, ಆಮೇಲೆ ಸರಿ ಮಾಡುವ,” ಎಂದಿರಿ. ನಾನು ನಂಬಿದೆ. ಆ ‘ಆಮೇಲೆ’ ಇಪ್ಪತ್ತೇಳು ವರ್ಷವಾದರೂ ಬಂದಿಲ್ಲ.

ಮೂರು ವರ್ಷ ಸಿದ್ದ ಇನ್ನೊಬ್ಬನ ಹೆಸರಿನಲ್ಲಿ ಆಡಿದ. ರೆಫರಿ ‘ಉದಯ’ ಎಂದು ಕೂಗಿದರೆ ತಿರುಗುತ್ತಲೇ ಇರಲಿಲ್ಲ. “ಏ ಮಾರಾಯ, ಉದಯ ಅಂದ್ರೆ ನೀನೇ ಕಣೋ,” ಎಂದು ತಂಡದವರು ನಗುತ್ತಿದ್ದರು. ನಿಜವಾದ ಉದಯ ಸುಣ್ಣದ ಗೆರೆ ದಾಟಿ ಮೈದಾನದೊಳಕ್ಕೆ ಕಾಲಿಟ್ಟವನಲ್ಲ. ಸರ್ಟಿಫಿಕೇಟುಗಳು ಮಾತ್ರ ನೆಟ್ಟಗೆ ರೈಟರ ಮನೆಗೆ ಹೋದವು. ಹೆಸರಿದ್ದವರ ಮನೆಗೆ ಹೋಗುವುದು ನ್ಯಾಯವೇ ತಾನೆ?

ಆಟ ನಿಂತ ಮೇಲೆ ಸಿದ್ದ ಕಲಿಸಲು ನಿಂತ. ಹನ್ನೊಂದು ವರ್ಷದಿಂದ, ತೋಟದ ಕೆಲಸ ಮುಗಿಸಿ, ಲೈನ್ ಮನೆಗಳ ಹುಡುಗಿಯರನ್ನು ಕಾಫಿ ಒಣಗಿಸುವ ಕಣದಲ್ಲಿ ಆಡಿಸುತ್ತಿದ್ದಾನೆ. ಕಣದ ಸುತ್ತ ಕಾಫಿ ಗಿಡ. ಚೆಂಡು ಮೊಣಕಾಲಿಗಿಂತ ಮೇಲೆ ಹಾರಿದರೆ ಗಿಡದೊಳಗೆ ಹೋಯಿತು, ಹುಡುಕುವುದರಲ್ಲಿ ಹೊತ್ತು ಮುಳುಗಿತು. ಹಾಗಾಗಿ ನೆಲ ಬಿಟ್ಟು ಏಳದ ಪಾಸ್ ಕಲಿಸಿದ. ಆ ಪಾಸಿಗೆ ದೊಡ್ಡ ಶಾಲೆಗಳ ತಂಡಗಳು ಸುಸ್ತಾದವು. ನಾಲ್ವರು ಹುಡುಗಿಯರು ರಾಜ್ಯ ತಂಡ ಸೇರಿದರು. ಆಗ ಹಾರ ಹಾಕಿ “ನಮ್ಮ ಸಿದ್ದ” ಎಂದವರು ತಾವು. ಆಗ ದಾಖಲೆ ಬೇಕಿರಲಿಲ್ಲವೇ?

ಸಂದರ್ಶನದ ದಿನ ತಮ್ಮ ಕಚೇರಿಯ ಜಗಲಿಯಲ್ಲಿ ನಾನೂ ಇದ್ದೆ. ಉದಯ ಇಸ್ತ್ರಿ ಅಂಗಿ ತೊಟ್ಟು, ಫೈಲು ಹಿಡಿದು, ಸಿದ್ದನ ಪಕ್ಕಕ್ಕೇ ಬಂದು ಕೂತ. ತಗ್ಗಿದ ದನಿಯಲ್ಲಿ ಕೇಳಿದ: “ಸಿದ್ದ, ನಾನು ಎಲ್ಲಿ ಆಡ್ತಿದ್ದದ್ದು? ಮುಂದೆಯೋ ಹಿಂದೆಯೋ?”

“ಹಿಂದೆ ಉದಯಣ್ಣ. ಸ್ಟಾಪರ್,” ಎಂದ ಸಿದ್ದ. “ಫೈನಲಿನಲ್ಲಿ ಎಡಗಾಲಿಗೆ ಪೆಟ್ಟಾಗಿತ್ತು, ಅದನ್ನೂ ಕೇಳಿಯಾರು.”

ಉದಯ ಒಳಗೆ ಹೋದ ಮೇಲೆ ನನಗೆ ತಡೆಯಲಾಗಲಿಲ್ಲ. “ಯಾಕೋ ಹೇಳಿಕೊಟ್ಟೆ?”

“ಕೇಳಿದ್ರಲ್ಲ ಟೀಚರಕ್ಕ. ಆಡಿದ್ದನ್ನ ತಪ್ಪು ಹೇಳ್ಲಿಕ್ಕೆ ಆಗ್ತದಾ?”

ಸ್ವಾಮಿ, ತಮ್ಮ ಸಮಿತಿ ಆ ಉತ್ತರಕ್ಕೆ ಅಂಕ ಕೊಟ್ಟಿತು. ಯಾರ ಉತ್ತರಕ್ಕೆ, ಯಾರಿಗೆ? ಅಂಕ ಹಾಕುವಾಗ ತಮ್ಮ ಪೆನ್ನು ಒಂದು ಕ್ಷಣವಾದರೂ ತಡೆಯಿತೇ? ಆ ಎಡಗಾಲಿಗೆ ಅಂದು ಬಟ್ಟೆ ಸುತ್ತಿದವರು ತಾವು. ಮರೆವು ಎನ್ನುವಂತಿಲ್ಲ. ನಿವೃತ್ತಿಯ ಹೊಸ್ತಿಲಲ್ಲಿ ಹಳೆಯ ಫೈಲು ತೆರೆದರೆ ತಮ್ಮ ಸಹಿಯೂ ಹೊರಬರುತ್ತದೆ ಎಂಬ ಭಯ ಇದು. ತಮ್ಮ ಪಿಂಚಣಿಗೆ ಸಿದ್ದನ ಬದುಕನ್ನು ಅಡವಿಟ್ಟಿರಿ.

ನನ್ನ ತಪ್ಪನ್ನು ಮುಚ್ಚಿಡಲು ಇದನ್ನು ಬರೆಯುತ್ತಿಲ್ಲ. ಅಕ್ಷರ ಕಲಿಸಲು ಹೋದವಳು ಕಲಿಯಬಂದವನ ಹೆಸರನ್ನೇ ಅಳಿಸಿದೆ. ನನ್ನ ಮೇಲೆ ಕೇಸು ಹಾಕಿ, ಠಾಣೆಗೆ ನಾನೇ ನಡೆದು ಬರುತ್ತೇನೆ. ಆದರೆ ಶಿಕ್ಷೆ ತಪ್ಪು ಮಾಡಿದವರಿಗಾಗಲಿ, ಆಡಿದವನಿಗಲ್ಲ.

ಉದಯನ ನೇಮಕದ ಆದೇಶವನ್ನು ತಡೆಹಿಡಿಯಿರಿ. ೧೯೯೮ರ ಅರ್ಜಿಯನ್ನು ಹೊರತೆಗೆದು, ಅದಕ್ಕೆ ಅಂಟಿಸಿದ ಮುಖ ಯಾರದೆಂದು ಎಲ್ಲರಿಗೂ ತೋರಿಸಿ. ಇಬ್ಬರನ್ನೂ ಮೈದಾನಕ್ಕಿಳಿಸಿ, ಹುಡುಗಿಯರಿಗೆ ಒಂದೊಂದು ಗಂಟೆ ಕಲಿಸಲು ಹೇಳಿ. ಸೋಮವಾರ ಹನ್ನೊಂದು ಗಂಟೆಗೆ ಉದಯ ಕೆಲಸಕ್ಕೆ ಹಾಜರಾಗಬೇಕಂತೆ. ಲೈನ್ ಮನೆಗಳವರು, ಹುಡುಗಿಯರು, ಅವರ ತಾಯಂದಿರು, ನಾನು, ಎಲ್ಲರೂ ಸಭೆ ಸೇರುವುದು ತಮ್ಮ ಕಚೇರಿಯ ಬಾಗಿಲಲ್ಲೇ. ಸೋಮವಾರ, ಬೆಳಿಗ್ಗೆ ಹತ್ತು ಗಂಟೆಗೆ.

ಇಂತಿ,
ತಮ್ಮ ಮಾತನ್ನು ಎರಡು ಸಲ ನಂಬಿದ
ಮಾಲತಿ