ದೂರ ಇಟ್ಟ ಕ್ಯಾಮೆರಾ

11 ಫೆಬ್ರುವರಿ 2007, ಸಂಜೆ. ರಾಣೆಬೆನ್ನೂರು, ಲಾಡ್ಜ್

ಲೆನ್ಸ್ ಒರೆಸಿದ್ದಾಯಿತು. ಬ್ಯಾಟರಿ ಚಾರ್ಜಿಗೆ ಹಾಕಿದೆ. ನಾಳೆ ಬ್ಯಾಡಗಿ ಮೆಣಸಿನಕಾಯಿ ಮಾರುಕಟ್ಟೆ. ಸಿನಿಮಾದ ಮುಖ್ಯ ದೃಶ್ಯ. ಮಗಳು ತೀರಿಹೋದ ಸುದ್ದಿ ಕೇಳಿದ ಮುದುಕಿ ರಾಶಿಗಳ ನಡುವಿನಿಂದ ಎದ್ದು ನಡೆಯುತ್ತಾಳೆ. ಪಾತ್ರ ಮಾಡುವ ಗುತ್ತೆವ್ವ ಅಲ್ಲೇ ಮೆಣಸಿನಕಾಯಿ ತೊಟ್ಟು ಬಿಡಿಸುವವಳು. ಫಿಲ್ಮ್ ಒಂದೇ ರೋಲ್ ಉಳಿದಿದೆ.

"ಹೆಂಗ ತಗೀತಿ, ಯುವರಾಜ?" ನಿರ್ದೇಶಕಿ ರೋಹಿಣಿ ಕೇಳಿದಳು.

"ಮುಖದ ಹತ್ರ. ನಾ ಯಾವಾಗ್ಲೂ ಹಂಗ."

ಮೊದಲು ಮದುವೆ ವಿಡಿಯೊ ತೆಗೆಯುತ್ತಿದ್ದಾಗ ಕಲಿತ ಪಾಠ, ಮುಖ ಬಿಡಬಾರದು. ಆಮೇಲಿನ ಎರಡು ಸಿನಿಮಾಗಳಲ್ಲೂ ಅದೇ. ಜನ ಮೆಚ್ಚಿದ್ದೂ ಅದನ್ನೇ...

15 ಫೆಬ್ರುವರಿ, ಗುರುವಾರ

ಕಣ್ಣಿನ ಪಟ್ಟಿ ಬಿಚ್ಚಿದರು. ಅಕ್ಷರ ಕಾಣುತ್ತಿವೆ. ದೇವರು ದೊಡ್ಡವನು.

ಸೋಮವಾರ ಮಾರುಕಟ್ಟೆಯಲ್ಲಿ ಯಾರೋ ಮೆಣಸಿನಕಾಯಿಯ ಖಾಲಿ ಚೀಲ ಕೊಡವಿದರು. ಗಾಳಿ ಇತ್ತ ಬೀಸಿತು. ಎರಡೂ ಕಣ್ಣಿಗೆ ಬೆಂಕಿ. "ತಿಕ್ಕಬ್ಯಾಡೋ ತಮ್ಮಾ!" ಗುತ್ತೆವ್ವ ಖಾರದ ಕೈಗೆ ಸೆರಗು ಸುತ್ತಿಕೊಂಡು ನನ್ನ ಕೈ ಹಿಡಿದಳು, ಕೊಡದ ನೀರೆಲ್ಲ ಸುರಿದಳು. ರೋಹಿಣಿ ಆಸ್ಪತ್ರೆಗೆ ಹೊರಡು ಅಂದಳು. ಶಾಟ್ ಮುಗಿಯಲಿ ಅಂದೆ. ಮಾರುಕಟ್ಟೆಯವರು ಅನುಮತಿ ಕೊಟ್ಟಿದ್ದು ಅದೊಂದೇ ದಿನಕ್ಕೆ. ಕಣ್ಣಿಗೆ ಒದ್ದೆ ಬಟ್ಟೆ ಕಟ್ಟಿಕೊಂಡು ಜೀಪಿನಲ್ಲಿ ಕುಳಿತೆ. ಅಸಿಸ್ಟೆಂಟ್ ದುರ್ಗಾಗೆ ಹೇಳಿದೆ: "ನೀನ ತಗಿ. ಮುಖದ ಹತ್ರ ಹೋಗು."

ಶಾಟ್ ಮುಗಿಸಿ ದುರ್ಗಾ ಬಂದಳು. ಉಸಿರು ಜೋರಾಗಿತ್ತು.

"ಸರ್ರ, ನೀವು ಹೇಳಿದಂಗ ಮಾಡ್ಲಿಲ್ರಿ. ದೂರ ನಿಂತ ತಗದೇನಿ."

"ಯಾಕ?"

"ಹತ್ರ ಹೋದ್ರ, ಆಕಿ ಒಬ್ಬಾಕಿ ಆಗ್ಯಾಳ ಅನ್ನೂದು ಕಾಣೂದಿಲ್ರಿ."

ಬಾಯಿಗೆ ಬಂದಂತೆ ಬೈದೆ. ಇದ್ದ ಒಂದೇ ರೋಲ್! ಆಸ್ಪತ್ರೆಯ ಮೆಟ್ಟಿಲು ಹತ್ತುವಾಗ ತೋಳು ಹಿಡಿದವಳೂ ಅವಳೇ.

4 ಮಾರ್ಚ್. ಹಾವೇರಿ

ಚೆನ್ನೈ ಲ್ಯಾಬಿನಿಂದ ಆ ಶಾಟಿನ ಸಿ.ಡಿ. ಬಂತು. ರೋಹಿಣಿ ಮನೆಯ ಟಿ.ವಿ.ಯಲ್ಲಿ ದುರ್ಗಾ ಸೇರಿ ಮೂವರೂ ನೋಡಿದೆವು.

ಪರದೆ ತುಂಬ ಕೆಂಪು. ಕ್ಯಾಮೆರಾ ಅಲುಗುವುದಿಲ್ಲ. ಮೂಲೆಯಲ್ಲಿ ಹಳೆಯ ಸೀರೆಯೊಂದು ಏಳುತ್ತದೆ, ನಡೆಯುತ್ತದೆ. ಹಮಾಲರು ಚೀಲ ಹೊರುತ್ತಲೇ ಇದ್ದಾರೆ. ಯಾರೂ ತಿರುಗಿ ನೋಡುವುದಿಲ್ಲ. ಮುಖ ಒಮ್ಮೆಯೂ ಕಾಣುವುದಿಲ್ಲ. ಇನ್ನೊಮ್ಮೆ ಹಾಕು ಅಂದೆ.

ಹೊಟ್ಟೆಕಿಚ್ಚಾಯಿತು, ಸುಳ್ಳೇಕೆ. ಎರಡನೇ ಸಲ ನೋಡುವಾಗ ಅದೂ ಕರಗಿತು. ನನ್ನ ಕಣ್ಣು ನೆಟ್ಟಗಿದ್ದಿದ್ದರೆ ಈ ಶಾಟ್ ಹುಟ್ಟುತ್ತಲೇ ಇರಲಿಲ್ಲ.

"ಟೈಟಲ್‌ನ್ಯಾಗ ಛಾಯಾಗ್ರಹಣ ಅಂತ ಇಬ್ಬರ ಹೆಸರೂ ಹಾಕು," ರೋಹಿಣಿಗೆ ಹೇಳಿದೆ.

ದುರ್ಗಾ ತಲೆ ಎತ್ತಿದಳು. "ಬೈದಿದ್ದು ಮರ್ತೀರೇನ್ರಿ?"

"ಮರ್ತಿಲ್ಲ. ನೀನೂ ಮರೀಬ್ಯಾಡ. ಮುಂದಿನ ಸಲಾನೂ ನನ್ನ ಮಾತು ಕೇಳಬ್ಯಾಡ."

ನಕ್ಕಳು. ಆಮೇಲೆ ನೀರು ಕುಡಿಯುವ ನೆಪದಲ್ಲಿ ಒಳಗೆ ಹೋಗಿ ಬಹಳ ಹೊತ್ತು ಬರಲಿಲ್ಲ.

9 ಮಾರ್ಚ್, ಬೆಳಿಗ್ಗೆ. ಹಲಗೇರಿ

ಹೊಸ ರೋಲ್‌ಗಳು ಬಂದಿವೆ, ಇವತ್ತು ಹೊಲದ ದೃಶ್ಯ. ಗುತ್ತೆವ್ವ ಬದುವಿನ ಮೇಲೆ ಕುಳಿತು ತನ್ನ ಚಹಾದಲ್ಲಿ ಅರ್ಧ ನನಗೆ ಸುರಿದುಕೊಟ್ಟಳು.

"ಕಣ್ಣು ಹೆಂಗದಾವೋ?"

"ಚಲೋ ಅದಾವಬೇ."

ಖರೇ. ಇಷ್ಟು ಚೆನ್ನಾಗಿ ಹಿಂದೆಂದೂ ಇರಲಿಲ್ಲ. ಕ್ಯಾಮೆರಾ ಎಲ್ಲಿ ಇಡೋಣ ಎಂದು ದುರ್ಗಾಳನ್ನು ಕೇಳಿದ್ದೆ. ಹೊಲ ದಾಟಿ ಆಚೆ ತುದಿಗೆ ಹೋಗಿ ನಿಂತಿದ್ದಾಳೆ. ಅಷ್ಟು ದೂರವಾ! ಕೈ ಬೀಸಿ ಕರೆಯುತ್ತಿದ್ದಾಳೆ. ಬಿಸಿಲು ಏರುವುದರೊಳಗೆ ಟ್ರೈಪಾಡ್ ಹೊತ್ತು—