ನಿನ್ನ ಹಾಡಿಗೆ ಓಣಿ ಖಾಲಿಯಾಯಿತು

ಸೇಫು,

ಮಣ್ಣಿನಡಿಗೆ ಅಂಚೆಯವನು ಬರುವುದಿಲ್ಲ. ಬಂದವನು ವಾಪಸೂ ಹೋಗುವುದಿಲ್ಲ. ಆ ಧೈರ್ಯದಿಂದಲೇ ಬರೆಯುತ್ತಿದ್ದೇನೆ.

ಇವತ್ತು ಬೆಳಿಗ್ಗೆ ದಾರ್ ಎಸ್ ಸಲಾಮ್‌ನ ನಮ್ಮ ಓಣಿಯಲ್ಲಿ ನಿನ್ನ ಹಾಡು ಭರ್ಜರಿಯಾಗಿ ಗೆದ್ದಿತು. ಅದೇ, ಬಡವರ ಗೋಡೆ ಕೆಡವುವವನ ಕೈ ಸೋಲಲಿ ಎಂದು ಶಪಿಸಿ ಹಾಡಿದ್ದೆಯಲ್ಲ, ಅದು. ಆ ಹಾಡು ಕೇಳಿಸಿದರೆ ಯಾರೂ ಒಳಗೆ ಕೂರಬಾರದು ಎಂಬ ಕಟ್ಟಳೆ ಮಾಡಿದವನೂ ನೀನೇ. ಕಾಯಿಲೆಯವರನ್ನೂ ಚಾಪೆ ಸಮೇತ ಹೊತ್ತು ತಂದರು. ನಿನ್ನ ಅಮ್ಮ ಹಿಟ್ಟು ತಿರುವುತ್ತಿದ್ದ ಸೌಟು ಹಿಡಿದೇ ಕುಣಿಯುತ್ತ ಬಂದಳು.

ಜಾಗ ಕೊಂಡ ಸಾಹೇಬನಿಗೆ ಇದ್ದದ್ದು ಒಂದೇ ತೊಡಕು: ಒಳಗೆ ಜನರಿದ್ದರೆ ಬುಲ್ಡೋಜರ್ ನುಗ್ಗಿಸುವಂತಿಲ್ಲ. ನಿನ್ನ ಕಟ್ಟಳೆಯ ಗುಟ್ಟನ್ನು ಅವನಿಗೆ ಹೇಳಿದವರು ಯಾರೆಂದು ಕೇಳಬೇಡ. ಬೆಳಿಗ್ಗೆ ನಿನ್ನ ಹಾಡು ಹಾಕಿದ, ಸ್ಪೀಕರ್ ಕಟ್ಟಿದ ವ್ಯಾನು ನನ್ನದು. ಅಲ್ಲಿ ಏಳಲಿರುವ ಹೋಟೆಲಿನಲ್ಲಿ ವಾರಕ್ಕೆ ಮೂರು ದಿನ ಹಾಡುವ ಕೆಲಸವೂ ನನ್ನದೇ.

ಎರಡನೇ ಚರಣಕ್ಕೆ ನಿಮ್ಮ ಮನೆ ಬಿತ್ತು, ತಾಳ ತಪ್ಪದೆ. ಒಲೆಯ ಮೇಲಿನ ಪಾತ್ರೆ ಒಳಗೇ ಉಳಿಯಿತು. ಹಾಡು ನಿಲ್ಲಿಸಲು ಕೈ ಚಾಚಿದೆ. ಅಮ್ಮ ಸೌಟಿನಿಂದ ಕೈಗೆ ಬಾರಿಸಿದಳು.

“ಲೋ ಕೊಂಬೊ, ನಿಲ್ಲಿಸ್ಬೇಡ ಕಣೋ! ಇಷ್ಟು ಚೆನ್ನಾಗಿ ಶುರು ಮಾಡಿದೋನು ನೀನೇ ತಾನೆ? ನಿಲ್ಲಿಸಿದ್ರೆ ಗೋಡೆ ಬೀಳೋ ಸದ್ದು ಕೇಳ್ಸುತ್ತೆ. ನನ್ನ ಮಗನ ದನಿಯಾದ್ರೂ ಕೇಳ್ಸಲಿ ಬಿಡು.”

ಹಾಡು ನಿಲ್ಲಿಸಲಿಲ್ಲ. ಓಣಿ ಪೂರ್ತಿ ಮುಗಿಯುವವರೆಗೆ ಆರು ಸಲ ಹಾಕಿದೆ.

ಕೈಗೆ ಅಂಟಿದ ಹಿಟ್ಟು ಒಣಗಿದೆ. ಇನ್ನೂ ತೊಳೆದುಕೊಂಡಿಲ್ಲ.

ನಿನ್ನ ಜೊತೆ ಹಾಡುತ್ತಿದ್ದ
ಕೊಂಬೊ